ಹುಳುಮನೆಗೆ ಬಂದ ಭೌತಶಾಸ್ತ್ರ

ನಮ್ಮ ಕಾಲೇಜಿನ ಭೌತಶಾಸ್ತ್ರದ ಅಧ್ಯಾಪಕರು ನನ್ನ ವಿಷಯವನ್ನು ಊರ ಸುದ್ದಿ ಎಂದು ಕರೆದದ್ದು ಅಧ್ಯಾಪಕರ ಕೊಠಡಿಯಲ್ಲಿ, ಎಲ್ಲರೂ ಚಹಾ ಕುಡಿಯುತ್ತಿದ್ದಾಗ.

"ನಿಮ್ಮದು ಶಾಸ್ತ್ರ ಅಲ್ಲ ಮೇಡಂ, ಊರ ಸುದ್ದಿ. ಯಾರು ಯಾರಿಗೆ ಹುಟ್ಟಿದ್ರು, ಯಾರನ್ನ ಯಾರು ತಿಂದ್ರು, ಯಾರು ಸತ್ರು. ಇಷ್ಟೇ ತಾನೆ? ಮಿಕ್ಕಿದ್ದೆಲ್ಲ ನಮ್ಮ ಹತ್ರ ಕಡ ತಗೊಂಡಿರೋದು."

ನಕ್ಕವರು ಯಾರು ಯಾರು ಎಂಬುದು ನನಗೆ ಇಂದಿಗೂ ನೆನಪಿದೆ. ರಸಾಯನಶಾಸ್ತ್ರದವರು ಬಾಯಿಗೆ ಕರವಸ್ತ್ರ ಹಿಡಿದು ನಕ್ಕರು. ಕನ್ನಡದವರು ಹಿಡಿಯದೆಯೇ ನಕ್ಕರು. ಸಂಖ್ಯಾಶಾಸ್ತ್ರದವರು ನಗಲಿಲ್ಲ, ಆದರೆ ಅವರಿಗೆ ಕಿವಿ ಮಂದ.

ನಾನು ಪ್ರಾಣಿಶಾಸ್ತ್ರ ಕಲಿಸುತ್ತಿದ್ದೆ. ನಮ್ಮ ರಾಮನಗರವಿನ್ನೂ ಪ್ರತ್ಯೇಕ ಜಿಲ್ಲೆಯಾಗಿರಲಿಲ್ಲ. ಆದರೆ ಬಿಡದಿಯ ಕಡೆಯಿಂದ ಕಾರ್ಖಾನೆಗಳು ಹೆದ್ದಾರಿಯ ಗುಂಟ ಒಂದೊಂದಾಗಿ ಇತ್ತ ಸರಿದು ಬರುತ್ತಿದ್ದವು. ಮಕ್ಕಳು ಎಲೆಕ್ಟ್ರಾನಿಕ್ಸ್ ಕೇಳುತ್ತಿದ್ದರು. ನನ್ನ ಪ್ರಯೋಗಾಲಯಕ್ಕೆ ನಡುವೆ ಹಲಗೆಯ ಅಡ್ಡಗೋಡೆ ಬಂದು ಅರ್ಧದಲ್ಲಿ ಕಂಪ್ಯೂಟರುಗಳು ಕುಳಿತವು, ನನ್ನ ಫಾರ್ಮಲಿನ್ ಜಾಡಿಗಳು ಕಾರಿಡಾರಿಗೆ ಬಂದವು. ಹಾಗೆ ಮಾಡಬಹುದೆಂದು ಸಭೆಯಲ್ಲಿ ಮೊದಲು ಸೂಚಿಸಿದವರು ಇದೇ ಮಹನೀಯರು. ಕಾರಣವನ್ನೂ ಕೊಟ್ಟಿದ್ದರು: ಜೀವಕೋಶವೂ ಕೊನೆಗೆ ಅಣುಗಳೇ, ಅಣುವಿನ ನಿಯಮ ಬಲ್ಲವನಿಗೆ ಕಪ್ಪೆಯ ನಿಯಮ ಬೇರೆ ಬೇಕಿಲ್ಲ. ನಾನು ಉತ್ತರ ಕೊಡಲು ಎದ್ದಾಗ ಪ್ರಾಂಶುಪಾಲರು ಊಟದ ಹೊತ್ತಾಯಿತೆಂದು ಸಭೆಯನ್ನು ಮುಗಿಸಿಬಿಟ್ಟರು.

ಆದ್ದರಿಂದ, ಒಂದು ಚಳಿಗಾಲದ ಶನಿವಾರ ಬೆಳಿಗ್ಗೆ ಆ ಮನುಷ್ಯ ನನ್ನ ಮನೆಯ ಬಾಗಿಲಲ್ಲಿ ಚಪ್ಪಲಿ ಬಿಟ್ಟು ನಿಂತಾಗ ನಾನು ಕೂಡಲೇ ಕೂರಲು ಹೇಳಲಿಲ್ಲ.

"ಮೇಡಂ, ನಮ್ಮಕ್ಕನ ಹುಳ ಏಳ್ತಾ ಇಲ್ಲ. ಒಂದ್ಸಲ ಬಂದು ನೋಡ್ತೀರಾ?" ಎಂದರು. ಮುಖ ಬಾಡಿತ್ತು. ಆಗ ಕೂರಲು ಹೇಳಿದೆ.

ಅವರ ಅಕ್ಕ ಚನ್ನಪಟ್ಟಣ ತಾಲ್ಲೂಕಿನ ಬೈರಾಪಟ್ಟಣದಲ್ಲಿ, ಗಂಡ ತೀರಿಹೋದ ಮೇಲೆ, ತೋಟದ ಹಿಪ್ಪುನೇರಳೆಯನ್ನು ನಂಬಿ ರೇಷ್ಮೆಹುಳು ಸಾಕಿಕೊಂಡಿದ್ದರು. ಅವರ ಮೈದುನನಿಗೆ ಆ ಜಮೀನನ್ನು ತನ್ನ ಪಾಲಿನೊಂದಿಗೆ ಸೇರಿಸಿ, ರಟ್ಟಿನ ಪೆಟ್ಟಿಗೆ ಮಾಡುವ ಒಂದು ಕಾರ್ಖಾನೆಗೆ ಕೊಡಬೇಕೆಂಬ ಆತುರ. ಹಿಂದಿನ ಎರಡು ಬೆಳೆ ಸತತವಾಗಿ ಕೆಟ್ಟಿದ್ದವು. ಊರ ಹಿರಿಯರ ಮುಂದೆ ಆಕೆ ಒಂದು ಮಾತು ಕೊಟ್ಟಿದ್ದರು: ಈ ಬೆಳೆಯೂ ಕೈಕೊಟ್ಟರೆ ಮಾರಾಟದ ಪತ್ರಕ್ಕೆ ರುಜು ಹಾಕುತ್ತೇನೆ. ಭೌತಶಾಸ್ತ್ರದ ತಮ್ಮ ಸುಮ್ಮನಿರಲಿಲ್ಲ. ಹುಳುಮನೆಯಲ್ಲಿ ತಲೆಮಾರುಗಳಿಂದ ಇದ್ದ ಕೆಂಡದ ಅಗ್ಗಿಷ್ಟಿಕೆಯನ್ನು ಹೊರಗಿಡಿಸಿ, ಶಾಖ ಹೆಚ್ಚಾದರೆ ತಾನೇ ಆರಿಹೋಗುವ ವಿದ್ಯುತ್ ಹೀಟರನ್ನು ತಮ್ಮ ಕೈಯಾರೆ ಅಳವಡಿಸಿದ್ದರು; ಗವಾಕ್ಷಿಗಳಿಗೆಲ್ಲ ಗೋಣಿ ತುರುಕಿಸಿದ್ದರು.

ಇಬ್ಬರೂ ಬೈರಾಪಟ್ಟಣದ ಬಸ್ಸು ಹತ್ತಿದೆವು. ಕೆಂಗಲ್ ದಾಟಿದ ಮೇಲೆ ಅವರು, "ಥರ್ಮಾಮೀಟರ್ ಇಪ್ಪತ್ತೈದೇ ತೋರಿಸ್ತಾ ಇದೆ ಮೇಡಂ. ಕಲ್ಲಿಗಾಗಲಿ ಹುಳುವಿಗಾಗಲಿ ಇಪ್ಪತ್ತೈದು ಅಂದ್ರೆ ಇಪ್ಪತ್ತೈದೇ ಅಲ್ವಾ?" ಎಂದರು.

"ಸಂಖ್ಯೆ ಒಂದೇ. ಕಲ್ಲು ಆ ಶಾಖದಲ್ಲಿ ಏನೂ ಮಾಡಬೇಕಾಗಿಲ್ಲ. ಹುಳ ಮಾಡಬೇಕು."

"ಅಂದ್ರೆ ಹುಳದೊಳಗೆ ನಮ್ಮ ನಿಯಮ ನಡೆಯಲ್ಲ ಅಂತೀರಾ?"

"ಅಷ್ಟು ದಡ್ಡಿ ಅಂದ್ಕೊಂಡ್ರಾ ನನ್ನ? ನಡೆಯುತ್ತೆ. ಒಂದೂ ತಪ್ಪದೆ ನಡೆಯುತ್ತೆ. ಸತ್ತ ಹುಳದಲ್ಲೂ ಅಷ್ಟೇ ಚೆನ್ನಾಗಿ ನಡೆಯುತ್ತೆ."

ಮುಂದಿನ ಸೀಟಿನ ಮುದುಕರೊಬ್ಬರು ತಿರುಗಿ ನಮ್ಮನ್ನು ನೋಡಿದರು. ಗಂಡ ಹೆಂಡಿರ ಜಗಳವೆಂದು ತಿಳಿದಿರಬೇಕು. ಕನಿಕರದಿಂದ ನೋಡಿದ್ದು ಅವರನ್ನು.

ಹುಳುಮನೆಯ ಬಾಗಿಲಲ್ಲಿ ಅಕ್ಕ ನನ್ನನ್ನು ತಡೆದರು. "ತಪ್ಪು ತಿಳ್ಕಾಬ್ಯಾಡಿ ಮೇಡಮ್ಮೋರೆ. ಮುಡ್ದಿರೊ ಊವ ಅಲ್ಲೇ ಕಲ್ ಮ್ಯಾಲ್ ಇಡಿ, ಮುಖದ್ ಪೌಡ್ರೂ ಒಸಿ ತೊಳ್ಕಬುಡಿ. ವಾಸ್ನೆ ತಡಿಯಕಿಲ್ಲ ಅವು." ತೊಳೆದುಕೊಂಡೆ. ಬಳಿಕ ತಮ್ಮನ ಕಡೆ ತಿರುಗಿ, "ನೀನೂ ಅಷ್ಟೆ ಕಣ್ಲಾ, ಬೀಡಿ ಸೇದಿದ್ ಬಾಯ್ನಾಗೆ ಬರ್ಬ್ಯಾಡ" ಎಂದರು. ಕಾಲೇಜಿನಲ್ಲಿ ಧೂಮಪಾನದ ವಿರುದ್ಧ ಭಾಷಣ ಮಾಡುತ್ತಿದ್ದವರು ಹೋಗಿ ಬಾಯಿ ಮುಕ್ಕಳಿಸಿದರು.

ಹುಳುಗಳು ನಾಲ್ಕನೆಯ ಜ್ವರಕ್ಕೆ ಕೂತಿದ್ದವು. ಪೊರೆ ಕಳಚುವುದಕ್ಕೆ ನಮ್ಮ ಕಡೆ ಜ್ವರವೆನ್ನುತ್ತಾರೆ: ಹುಳು ಮೇವು ಬಿಟ್ಟು, ತಲೆಯೆತ್ತಿ, ಅಲುಗದೆ ಕೂರುತ್ತದೆ, ಹೊಸ ಚರ್ಮದಲ್ಲಿ ಏಳುತ್ತದೆ. ಜ್ವರದಲ್ಲಿರುವಾಗ ತಟ್ಟೆಗಳನ್ನು ಕದಲಿಸುವಂತಿಲ್ಲ. ಎಲ್ಲವೂ ಎದ್ದ ಮೇಲೆಯೇ ಸೊಪ್ಪು ಹಾಕಬೇಕು; ಮೊದಲೆದ್ದವಕ್ಕೆ ಮೊದಲು ಹಾಕಿದರೆ ಅವು ಮುಂದಾಗಿ, ಉಳಿದವು ಹಿಂದಾಗಿ, ಗೂಡು ಕಟ್ಟುವ ಹೊತ್ತಿಗೆ ಬೆಳೆ ಚೂರುಚೂರಾಗುತ್ತದೆ. ಹಾಗೆಂದು ಎದ್ದವನ್ನು ಬಹಳ ಹೊತ್ತು ಕಾಯಿಸಿದರೆ ಸೊರಗಿ ರೋಗಕ್ಕೆ ಬೀಳುತ್ತವೆ.

ಬಿದಿರಿನ ತಟ್ಟೆಗಳು ನೆಲದಿಂದ ಸೂರಿನವರೆಗೆ ಅಟ್ಟಣೆಯಲ್ಲಿ ಕುಳಿತಿದ್ದವು. ನಾನು ಮೇಲಿನಿಂದ ನೋಡುತ್ತಾ ಬಂದೆ. ಮೇಲಿನವು ಆಗಲೇ ಎದ್ದು ತಲೆಯಾಡಿಸಿ ಮೇವು ಹುಡುಕುತ್ತಿದ್ದವು. ನಡುವಿನವು ಅರೆಬರೆ. ಕೆಳಗಿನವು ಇನ್ನೂ ಗಾಢ ಜ್ವರದಲ್ಲಿದ್ದವು.

"ಮ್ಯಾಗಿನವು ಅಸ್ಕೊಂಡವೆ, ನೋಡಕಾಯ್ತಿಲ್ಲ ನಂಗೆ. ಒಂದಿಡಿ ಸೊಪ್ಪ್ ಉದುರುಸ್ಬುಡ್ಲಾ?" ಎಂದು ಅಕ್ಕ ಬುಟ್ಟಿಗೆ ಕೈ ಹಾಕಿದರು.

"ಬೇಡ ತಾಯಿ" ಎಂದೆ. ಅವರ ಕಣ್ಣಲ್ಲಿ ನೀರಿತ್ತು. ಜಮೀನಿಗಾಗಿಯೋ ಹುಳುಗಳ ಹಸಿವಿಗಾಗಿಯೋ ಎಂದು ವಿಂಗಡಿಸಲು ನನಗಾಗಲಿಲ್ಲ.

"ಥರ್ಮಾಮೀಟರ್ ಎಲ್ಲಿದೆ?" ಎಂದು ಅವರ ತಮ್ಮನನ್ನು ಕೇಳಿದೆ. ಬಾಗಿಲ ಪಕ್ಕ, ಎದೆಯೆತ್ತರದ ಮೊಳೆಯಲ್ಲಿತ್ತು. ಅವರು ಅದನ್ನು ತೆಗೆದು ಮೊದಲು ಸೂರಿನ ಬಳಿ ಹಿಡಿದರು; ಆಮೇಲೆ ನೆಲದ ಮೇಲೆ ಕುಕ್ಕುರುಗಾಲಲ್ಲಿ ಕುಳಿತು ಕೆಳತಟ್ಟೆಯ ಅಡಿಗೆ ಹಿಡಿದರು. ಪಾದರಸ ಇಳಿಯುತ್ತಾ ಹೋಯಿತು. ಅವರ ಮುಖವೂ. ಕಾದ ಗಾಳಿ ಮೇಲೇರುತ್ತದೆ ಎಂಬುದನ್ನು ಪ್ರತಿವರ್ಷ ಜೂನ್ ತಿಂಗಳಲ್ಲಿ ಕಪ್ಪುಹಲಗೆಯ ಮೇಲೆ ಬಾಣದ ಗುರುತು ಬರೆದು ಕಲಿಸುತ್ತಿದ್ದ ವ್ಯಕ್ತಿ, ಗಾಳಿಯಾಡದಂತೆ ಮುಚ್ಚಿದ ಕೋಣೆಗೆ ಒಂದೇ ಮೊಳೆಯಲ್ಲಿ ಒಂದೇ ಅಂಕಿ ನೇತುಹಾಕಿ, ಅದನ್ನೇ ಇಡೀ ಕೋಣೆಯೆಂದು ನಂಬಿಬಿಟ್ಟಿದ್ದರು.

"ಏನ್ಲಾ ಅದು?" ಎಂದರು ಅಕ್ಕ.

"ನನ್ ತಪ್ಪು ಕಣಕ್ಕ. ಮ್ಯಾಲೆ ಬಿಸಿ, ಕೆಳಗೆ ತಣ್ಗೈತೆ."

ಹಾಗೆಂದು ಹೇಳಲು ಅವರಿಗೆ ಎಷ್ಟು ಕಷ್ಟವಾಯಿತೆಂಬುದನ್ನು ನಾನು ಕಂಡೆ. ಊರ ಸುದ್ದಿಯ ಮಾತಿಗೆ ತಕ್ಕ ಉತ್ತರ ನಾಲಿಗೆಯ ತುದಿಯಲ್ಲಿತ್ತು, ನುಂಗಿಕೊಂಡೆ. ಮರೆತೆನೆಂದಲ್ಲ.

ಅಕ್ಕ ಮೇಲಿನ ತಟ್ಟೆಯನ್ನು ಕೆಳಗಿಳಿಸಲು ಹೊರಟರು. ಕೆಳಗಿನವು ಜ್ವರದಲ್ಲಿರುವಾಗ ಅಟ್ಟಣೆ ಅಲುಗಬಾರದೆಂದು ನಾನು ತಡೆದೆ. ಅಷ್ಟರಲ್ಲಿ ಕರೆಂಟು ಹೋಗಿ ಹೀಟರೂ ಆರಿತು. ಆಗ ತಮ್ಮ ನೆಲದಿಂದ ಎದ್ದರು. "ಎದ್ದವು ಕಾಯ್ಬೇಕು, ಮಲಗಿದವು ಬೇಗ ಏಳ್ಬೇಕು. ಅಷ್ಟೇ ತಾನೆ ಮೇಡಂ ನಿಮಗೆ ಬೇಕಾಗಿರೋದು? ಮೇಲೆ ತಂಪು ಮಾಡಿದ್ರೆ ಹಸಿವು ನಿಧಾನ ಆಗುತ್ತಾ?"

"ಆಗುತ್ತೆ. ತಣ್ಣಗಿದ್ದಷ್ಟೂ ಅವುಗಳ ಒಳಗಿನ ಕೆಲಸ ನಿಧಾನ."

ಅವರು ಏಣಿ ಹತ್ತಿ ಸೂರಿನಡಿಯ ಗವಾಕ್ಷಿಗಳ ಗೋಣಿಯನ್ನೆಲ್ಲ ಕಿತ್ತೆಸೆದರು. ಅಕ್ಕ ಹೊಗೆಯಾಡದ ಕೆಂಡಕ್ಕೆ ಬೂದಿ ಮುಚ್ಚಿ, ಮಡಕೆಯ ಚಿಪ್ಪುಗಳಲ್ಲಿ ತುಂಬಿ, ನೆಲದಂಚಿಗೆ ಜೋಡಿಸಿದರು. ಮೇಲೆಷ್ಟು ತೆರೆಯಬೇಕು, ಕೆಳಗೆಷ್ಟು ಕೆಂಡವೆಂಬುದನ್ನು ತಮ್ಮ ಥರ್ಮಾಮೀಟರಿನೊಡನೆ ಹತ್ತಿ ಇಳಿದು ತೂಗುತ್ತಾ ಹೋದರು. ಅದು ನನ್ನಿಂದಾಗುತ್ತಿರಲಿಲ್ಲ, ಒಪ್ಪುತ್ತೇನೆ.

ಕಾಯುತ್ತಾ ಜಗಲಿಯಲ್ಲಿ ಕುಳಿತಾಗ, ಅಂದು ಸಭೆಯಲ್ಲಿ ಹೇಳಲಾಗದೆ ಹೋದದ್ದನ್ನು ಅವರಿಗೆ ಹೇಳಿದೆ. ಕೆಳಗಿನ ಹುಳುಗಳು ಏಕೆ ಹಿಂದುಳಿದವು ಎಂಬುದಕ್ಕೆ ಪೂರ್ತಿ ಉತ್ತರ ನಿಮ್ಮ ಶಾಸ್ತ್ರದಲ್ಲಿದೆ. ಆದರೆ ಅವು ತಡವಾದವು ಎಂಬ ಮಾತು ನಿಮ್ಮ ಯಾವ ಸಮೀಕರಣದಲ್ಲಿಯೂ ಇಲ್ಲ. ರಾಮನಗರದ ಬಂಡೆಗಳು ಯುಗಗಳಿಂದ ಕಾದು ತಣಿಯುತ್ತಿವೆ, ಒಂದಾದರೂ ತಡವಾಗಿದೆಯೇ? ಮುಂದೆ ಆಗಬೇಕಾದದ್ದು ಒಂದಿದ್ದರೆ ತಾನೆ ತಡ. ಪೊರೆ ಕಳಚಬೇಕು, ಗೂಡು ಕಟ್ಟಬೇಕು ಎಂಬ ಹಂಗನ್ನು ಹುಳುವಿಗೆ ಬಿಟ್ಟುಹೋದದ್ದು ಅದರ ವಂಶ. ಯಾರು ಯಾರಿಗೆ ಹುಟ್ಟಿದರೆಂದು ಕೇಳದೆ ಆ ಹಂಗನ್ನು ತಿಳಿಯಲಾಗದು.

ಅವರು, "ಹಂಗಾದ್ರೆ ನಿಮ್ಮ 'ತಡ' ನನ್ನ ಗಾಳಿ ಮೇಲೆ ನಿಂತಿದೆ" ಎಂದರು.

"ನಿಂತಿದೆ. ನಿಮ್ಮ ಗಾಳಿಯನ್ನ ಇವತ್ತು ಹತ್ತಿ ಇಳಿದು ಅಳೆಯೋ ಹಾಗೆ ಮಾಡಿದ್ದು ಆ ತಡವೇ."

ಕೋಣೆಯಲ್ಲಿ ಹೊಸ ವಸ್ತುವೇನೂ ಇರಲಿಲ್ಲ. ಅದೇ ಗಾಳಿ, ಅದೇ ಅಣುಗಳು. ಅವು ಒಳ್ಳೆಯ ಗಾಳಿ, ಕೆಟ್ಟ ಗಾಳಿ ಎಂದಾದದ್ದು ಹುಳುವಿನ ಪಾಲಿಗೆ. ಎರಡು ಶಾಸ್ತ್ರಗಳು ಕೂಡುವ ಜಾಗ ಇದೇ ಎಂದು ನನಗೆ ಇಂದಿಗೂ ಅನ್ನಿಸುತ್ತದೆ: ನಿಯಮ ಲೋಕಕ್ಕೆಲ್ಲ ಒಂದೇ, ಅದರ ಲಾಭನಷ್ಟ ಮಾತ್ರ ಬದುಕುವವರದು.

ದೀಪ ಹಚ್ಚುವ ಹೊತ್ತಿಗೆ ಕೆಳಗಿನ ತಟ್ಟೆಗಳೂ ಎದ್ದವು. ಅಕ್ಕ ಎಳೆಯ ಸೊಪ್ಪನ್ನು ಕತ್ತರಿಸಿ ಉದುರಿಸಿದರು. ಮೇಯುವ ಸದ್ದು ಮೇಲಿನಿಂದಲೂ ಕೆಳಗಿನಿಂದಲೂ ಒಂದೇ ಸಮನಾಗಿ ಬಂತು. ಬೀಡಿಯ ನೆನಪಾಗಿ ತಮ್ಮ ಹೊರಗೆ ಹೋದವರು ಸೇದದೆ ಹಿಂದಿರುಗಿದರು.

ಎಲ್ಲವೂ ಉಳಿಯಲಿಲ್ಲ, ತೀರ ಮೇಲಿನ ತಟ್ಟೆಗಳಲ್ಲಿ ಒಂದಷ್ಟು ಸತ್ತವು. ಉಳಿದವು ಮೇವು ಬಿಟ್ಟು ಒಟ್ಟಿಗೆ ಹಣ್ಣಾಗಿ, ಬಿದಿರು ಹೆಣೆದ ಚಂದ್ರಿಕೆಯ ಮೇಲೆ ಒಟ್ಟಿಗೆ ಗೂಡು ಕಟ್ಟಿದವು. ಗೂಡು ಬಿಡಿಸುವ ದಿನ ನನಗೂ ಕರೆ ಬಂತು. ನಾವು ಜಗಲಿಯಲ್ಲಿ ಕುಳಿತು ಬಿಡಿಸುತ್ತಿದ್ದಾಗ ಮೈದುನ ಬಂದ. ಒಂದು ಗೂಡನ್ನೆತ್ತಿ ಬೆರಳಲ್ಲಿ ಒತ್ತಿ ನೋಡಿದ, ಗಟ್ಟಿಯಾಗಿತ್ತು.

"ಈ ಸಲವೇನೋ ಆಯ್ತು ಬುಡು ಅತ್ಗೆ. ಮುಂದಿನ್ ಬೆಳೆಗೇನ್ ಮಾಡೀಯೆ?" ಎಂದ.

ಅಕ್ಕ ಕೈಗೆಲಸ ನಿಲ್ಲಿಸಲಿಲ್ಲ. "ಅದುರ್ ಮೊಟ್ಟೆಗೆ ಆಗ್ಲೇ ಯೋಳಿವ್ನಿ ಕಣಪ್ಪ. ಕಾಪಿ ಕುಡ್ಕೊಂಡ್ ಓಗು" ಎಂದರು.

ಅವನು ಕಾಫಿ ಕುಡಿದು ಹೋದ.