ಬಿಳಿಬಣ್ಣದಡಿಯ ವೀರಗಲ್ಲು

ತಪಾಸಣೆಯ ಅವಸರದಲ್ಲಿ ವೀರಗಲ್ಲಿಗೆ ಎಣ್ಣೆಬಣ್ಣ ಬಳಿಸಿದ ರೈಲ್ವೆ ಅಧಿಕಾರಿಗಳು ಈ ನೆಲದ ಚರಿತ್ರೆಯನ್ನೇ ಮುಚ್ಚಿಹಾಕಿದ್ದಾರೆ. ಇಂಡಿ ಸಮೀಪದ ಸಣ್ಣ ನಿಲ್ದಾಣದಲ್ಲಿ ಕ್ರಾಸಿಂಗಿಗೆ ರೈಲು ನಿಂತಾಗ ಇಳಿದು, ಪ್ಲಾಟ್‌ಫಾರ್ಮಿನ ಅಂಚಿನಲ್ಲಿರುವ ಆ ಕಲ್ಲನ್ನು ನೋಡಿದೆ. ದನಗಳನ್ನು ಉಳಿಸಲು ಮಡಿದವನ ಮುಖ ಕಾಣುತ್ತಿಲ್ಲ. ಶಾಸನದ ಅಕ್ಷರಗಳು ಬೆರಳಿಗೂ ಸಿಗಲಿಲ್ಲ. ಮಜ್ಜಿಗೆ ಮಾರುವ ಮಾಳವ್ವ ದಿನದ ಮೊದಲ ಲೋಟವನ್ನು ಕಲ್ಲಿನ ಬುಡಕ್ಕೆ ಸುರಿದರು.

“ಇಂವ ನಮ್ಮ ಮುತ್ಯಾ, ನಮ್ಮ ಮನೆತನದ ಹಿರ್ಯಾ ನೋಡವಾ. ಮೊದಲ ಸುಣ್ಣಾ ಬಳೀತಿದ್ರು, ತೊಳದ್ರ ಹೋಗ್ತಿತ್ತು. ಈ ಸಲ ಪೇಂಟ್ ಹೊಡದಾರ, ತಿಕ್ಕಿದ್ರೂ ಹೋಗವಲ್ದು.”

“ಅವರನ್ನ ಕೇಳಲಿಲ್ಲೇನಬೇ?” ಎಂದೆ.

“ಕೇಳಿದ್ನವಾ. ‘ನಿಮ್ಮ ಮುತ್ಯಾ ಬೆಳ್ಳಗಾದ, ಖುಷಿಪಡು’ ಅಂತ ನಕ್ಕರು.”

ರೈಲು ಹೊರಟರೂ ಕೂರಲಾಗದೆ ಬಾಗಿಲಲ್ಲೇ ನಿಂತು ಬರೆಯುತ್ತಿದ್ದೇನೆ. ಬಣ್ಣ ಬಳಿಯಲು ಆದೇಶಿಸಿದವರು ಯಾರೆಂದು ಸಂಬಂಧಪಟ್ಟವರು ಲಿಖಿತವಾಗಿ ಉತ್ತರಿಸಬೇಕು. ಪರಿಣತರಿಂದ ಆ ಬಣ್ಣವನ್ನು ತೆಗೆಸಿ, ಮಾಳವ್ವನಿಗೆ ಆ ಮುಖವನ್ನು ಮರಳಿ ಕಾಣಿಸಬೇಕೆಂದು ವಿನಂತಿಸುತ್ತೇನೆ.