ನೀಲಿ ಕಾರು ಕೇಳಿದ್ದು

ಈ ಪರದೇಶದ ಟ್ರೋಲ್‌ಹೆಟ್ಟನ್ ಊರಾಚೆಯ ಮಣ್ಣಿನ ಟ್ರ್ಯಾಕಿನಲ್ಲಿ ಇಂದು ನಾನು ಒಬ್ಬನ ಕಾರು ಕಸಿದುಕೊಂಡೆ. ಇಲ್ಲಿಯ ಹಳೇ ಕಾರುಗಳ ರೇಸಿಗೆ ಒಂದು ಪದ್ಧತಿಯಿದೆ. ರೇಸು ಮುಗಿದ ಮೇಲೆ ಇನ್ನೊಬ್ಬ ಚಾಲಕ ನಿಗದಿತ ಬೆಲೆಗೆ ಕೇಳಿದರೆ ಕಾರನ್ನು ಕೊಟ್ಟುಬಿಡಬೇಕು.

ಇಲ್ಲೇ ರೇಸು ಓಡಿಸುವ ಅಳಿಯ ಗಿರೀಶನಿಗೆ, "ಆ ನೀಲಿ ಕಾರು ಚೆನ್ನಾಗಿ ಓಡ್ತು, ಅದನ್ನ ಕೇಳಪ್ಪ" ಎಂದೆ.

"ಬೇಡ ಮಾವ. ಅದು ಲಾರ್ಸ್‌ದು. ಅವನಿಗೆ ಸ್ಪಾನ್ಸರ್ ಇಲ್ಲ, ಮೆಕ್ಯಾನಿಕ್ಕೂ ಇಲ್ಲ. ಇದು ಹೋದ್ರೆ ಅವನ ರೇಸಿಂಗೇ ಮುಗೀತು."

"ರೂಲ್ಸೇ ಇದೆಯಲ್ಲ, ನಿನಗ್ಯಾಕೆ ಸಂಕೋಚ?"

ನನ್ನ ಒತ್ತಾಯಕ್ಕೆ ಗಿರೀಶ ಹೋಗಿ ಕೇಳಿದ. ಲಾರ್ಸ್ ತಕರಾರು ಮಾಡಲಿಲ್ಲ. ತೊಟ್ಟಿದ್ದ ರೇಸಿನ ಉಡುಪು ಕಳಚಿ, ಅದರೊಳಗೆ ಹಳೇ ಕಂಬಳಿ ತುರುಕಿ, ಗೊಂಬೆಯಂತೆ ಚಾಲಕನ ಸೀಟಿನಲ್ಲಿ ಕೂರಿಸಿದ. ಮೇಲೆ ಹೆಲ್ಮೆಟ್ ಇಟ್ಟು ಬೆಲ್ಟ್ ಬಿಗಿದ. "ಇನ್ನು ನನಗೆ ಬೇಡ" ಎಂದು ಇಂಗ್ಲಿಷಿನಲ್ಲಿ ಹೇಳಿ, ಒಳಅಂಗಿಯಲ್ಲೇ ಮಂಜಿನೊಳಗೆ ನಡೆದುಹೋದ.

ಮನೆಗೆ ಹೊರಟಾಗ, ನಮ್ಮ ಗಾಡಿಗೆ ಕಟ್ಟಿದ ಟ್ರೇಲರಿನ ಮೇಲೆ ಆ ಕಾರು ನಮ್ಮ ಬೆನ್ನಿಗೇ ಬರುತ್ತಿತ್ತು. ಪ್ರತಿ ತಿರುವಿನಲ್ಲೂ ಹೆಲ್ಮೆಟ್ ನಮ್ಮತ್ತ ವಾಲುತ್ತಿತ್ತು.

"ಮಾವ, ಗಾಡಿ ನಿಲ್ಲಿಸಿ ಅದನ್ನ ತೆಗೆದುಬಿಡ್ಲಾ? ಕನ್ನಡಿ ನೋಡೋಕಾಗ್ತಿಲ್ಲ."

"ಬೇಡ. ಮನೆವರೆಗೂ ಅವನೇ ಕೂತಿರಲಿ" ಎಂದೆ.