ಅಕ್ಷರದಕ್ಕನ ಭಾನುವಾರ

ಸಿನಿಮಾ ಕ್ಲಬ್ಬಿನವರೆಲ್ಲ ಅವಳನ್ನು ಕರೆಯುವುದು ಅಕ್ಷರದಕ್ಕ ಎಂದೇ. ದೊಡ್ಡ ಥಿಯೇಟರಿನವರು ಕಣ್ಣೆತ್ತಿಯೂ ನೋಡದ, ಬೇರೆ ಭಾಷೆಯ ಸಣ್ಣ ಸಿನಿಮಾಗಳು ಕ್ಲಬ್ಬಿಗೆ ಬರುತ್ತವೆ. ಅವುಗಳ ಮಾತನ್ನೆಲ್ಲ ನಮ್ಮ ಮಾತಿಗೆ ತಂದು, ಸಾಲುಸಾಲಾಗಿ ಲ್ಯಾಪ್‌ಟಾಪಿಗೆ ಹಾಕಿಕೊಳ್ಳುವವಳು ಅವಳು. ಸಿನಿಮಾ ಓಡುವಾಗ ಹಿಂದೆ ಕೂತು ಒಂದೊಂದು ಮಾತಿಗೂ ಗುಂಡಿ ಒತ್ತಿದರೆ ಪರದೆಯ ಕೆಳಗೆ ಅಕ್ಷರ ಮೂಡುತ್ತದೆ. ಬೇಗ ಒತ್ತಿದರೆ ಜೋಕು ಸತ್ತಿತು. ತಡವಾದರೆ ಜನ ಅಳುವ ಜಾಗದಲ್ಲಿ ನಗುತ್ತಾರೆ. ಎರಡು ಗಂಟೆ ಸೀನುವಂತಿಲ್ಲ.

ಮಗುವಾದ ಮೇಲೂ ಕೆಲಸ ಬಿಡಲಿಲ್ಲ. ಮಗು ಮಲಗಿದರೆ ಹತ್ತು ಸಾಲು, ಹಾಲು ಕಾಯುವಷ್ಟರಲ್ಲಿ ಇನ್ನೆರಡು. ತಿಂಗಳಿಗೆರಡು ಭಾನುವಾರ ಕ್ಲಬ್ಬಿಗೆ ಹೋದಾಗ ಮಗು ಅತ್ತೆಯ ಪಾಲು. ಅತ್ತೆಗೆ ಸಾಕಾಗಿತ್ತು.

"ಗುಂಡಿ ಒತ್ತೋದಕ್ಕೆ ಹೆತ್ತ ತಾಯೇ ಹೋಗ್ಬೇಕಾ? ಬೇರೆ ಯಾರಿಗೂ ಬೆರಳಿಲ್ವಾ?"

"ಒಂದ್ಸಲ ಬಂದು ನೋಡಿ ಅತ್ತೆ."

"ಬರ್ತೀನಿ. ನೋಡಿದ್ಮೇಲೆ ಬೇಡ ಅಂದ್ರೆ ಬಿಟ್ಬಿಡ್ಬೇಕು. ಮಾತು ಕೊಡು."

ಕೊಟ್ಟಳು. ಗಂಡ ಮಗುವನ್ನೆತ್ತಿಕೊಂಡು ಮನೆಯಲ್ಲುಳಿದ.

ಅಂದಿನ ಸಿನಿಮಾ ಇಸ್ತ್ರಿ ಅಂಗಡಿ ನಡೆಸುವ ಅಕ್ಕತಂಗಿಯರದು. ಎಂಟುನೂರ ಹನ್ನೆರಡು ಸಾಲು. ನಿರ್ದೇಶಕಿಯೂ ಬಸ್ಸು ಹತ್ತಿ ಬಂದು ಅಕ್ಷರದಕ್ಕನ ಪಕ್ಕದಲ್ಲೇ ಕೂತಿದ್ದಳು. ಅರ್ಧದವರೆಗೆ ಎಲ್ಲ ಸರಾಗ. ಆಮೇಲೆ, ಲ್ಯಾಪ್‌ಟಾಪಿನ ಸಾಲುಗಳ ಪ್ರಕಾರ ಅಕ್ಕತಂಗಿಯರು ಸುಟ್ಟುಹೋದ ಅಂಗಿಗಾಗಿ ಜಗಳವಾಡಬೇಕು. ಪರದೆಯಲ್ಲಿ ನೋಡಿದರೆ ಅಕ್ಕ ಆಗಲೇ ಬಸ್ ಸ್ಟ್ಯಾಂಡಿನಲ್ಲಿ ನಿಂತು ತಂಗಿಯನ್ನು ಬೀಳ್ಕೊಡುತ್ತಿದ್ದಾಳೆ!

ನಿರ್ದೇಶಕಿ ನಾಲಿಗೆ ಕಚ್ಚಿಕೊಂಡಳು. "ಅಯ್ಯೋ, ಆ ಜಗಳ ಹೋದ ವಾರ ಕತ್ತರಿಸಿಬಿಟ್ಟೆ. ನಿಮಗೆ ಹೇಳೋದೇ ಮರೆತೆ."

ಅಕ್ಷರದಕ್ಕ ಅತ್ತೆ ಕೂತ ಕಡೆ ನೋಡಿದಳು. ಬೇರೆ ದಿನವಾದರೆ ಬೇರೆ ಮಾತು, ಇವತ್ತೇ ಆಗಬೇಕೇ! ತಪ್ಪು ಸಾಲು ಕಾಣದಿರಲೆಂದು ಅಕ್ಷರ ಪೂರ್ತಿ ಆರಿಸಿ, ಕಿವಿಯನ್ನು ಪರದೆಗೆ ಕೊಟ್ಟು, ಸಾಲುಗಳ ಮೇಲೆ ಕಣ್ಣೋಡಿಸಿದಳು. ಅಕ್ಕ 'ಬೀಗದ ಕೈ' ಎಂದಳು. ಆ ಸಾಲು ಸಿಕ್ಕಿತು! ಮೂವತ್ತೆಂಟು ಸಾಲು ಹಾರಿ ಹಿಡಿದಳು. ಅಷ್ಟರಲ್ಲಿ ಅರ್ಧ ನಿಮಿಷ ಹೋಗಿತ್ತು. ಮುಂದೆ ಕೂತ ಅತ್ತೆಯ ಬೆನ್ನು ಅಲ್ಲಾಡಲಿಲ್ಲ. ಬರೀ ಬೆನ್ನು ನೋಡಿ ಏನೆಂದು ತಿಳಿಯುವುದು?

ಮನೆಯ ಅರ್ಧ ದಾರಿಯಲ್ಲಿ ಅತ್ತೆಯೇ ಮಾತು ತೆಗೆದದ್ದು.

"ಮಧ್ಯೆ ಒಂಚೂರು ಹೊತ್ತು ಅಕ್ಷರ ನಿಲ್ಲಿಸಿದ್ಯಲ್ಲ."

"ತಪ್ಪಾಯ್ತು ಅತ್ತೆ."

"ತಪ್ಪೇನು ಬಂತು? ಅಲ್ಲೀವರೆಗೂ ಬರೀ ಓದೋದೇ ಆಗಿತ್ತು. ಆ ಅಕ್ಕನ ಮುಖ ನಾನು ಸರಿಯಾಗಿ ನೋಡಿದ್ದೇ ಆವಾಗ. ಆಮೇಲೆ ಅವಳು ಆಡಿದ್ದೆಲ್ಲ ನಮ್ಮ ಮಾತಲ್ಲೇ ಆಡಿದ ಹಾಗಿತ್ತು ಕಣೇ."

"ಹಾಗಾದ್ರೆ ಮುಂದಿನ ಸಲ ಮಗೂನ ನೋಡ್ಕೋತೀರಾ?"

"ನಾನಾ? ನಾನು ಮಗು ನೋಡ್ತಾ ಕೂತ್ರೆ ಸಿನಿಮಾ ಯಾರು ನೋಡ್ತಾರೆ? ನಿನ್ ಗಂಡನಿಗೂ ಎರಡು ಕೈ ಇದೆ."

ಬಾಗಿಲು ತೆರೆದ ಗಂಡನ ಹೆಗಲ ಮೇಲೆ ಮಗು, ಅಂಗಿಯ ತುಂಬ ಹಾಲಿನ ಕಲೆ.

"ಹೇಗಿತ್ತು?" ಎಂದ ಪಾಪ, ಏನೂ ಅರಿಯದೆ.